ಹ್ಯುಮಿಡಿಫೈಯರ್: ನಿಲ್ಲಿಸುವ ಹೊತ್ತನ್ನು ಅರಿಯುವುದು ಹೇಗೆ?

ಗಾಳಿಗೆ ಕೃತಕವಾಗಿ ತೇವಾಂಶ ನೀಡುವ ಯಂತ್ರವು ಒಂದು ಕಾಲದಲ್ಲಿ ಜವಳಿ ಗಿರಣಿ ಹಾಗೂ ದೊಡ್ಡ ಮುದ್ರಣಾಲಯಗಳಿಗೆ ಮಾತ್ರ ಸೀಮಿತವಾಗಿತ್ತು. ಇಂದು ಹ್ಯುಮಿಡಿಫೈಯರ್ ಎಂಬ ಹೆಸರಿನಲ್ಲಿ ಅದು ಗೃಹೋಪಯೋಗಿ ವಸ್ತುಗಳ ಅಂಗಡಿಗಳಲ್ಲಿ ಸುಲಭವಾಗಿ ದೊರೆಯುತ್ತಿದೆ. ಹವಾನಿಯಂತ್ರಿತ ಕೊಠಡಿಯಲ್ಲಿ ಮಲಗುವವರು, ಚಳಿಗಾಲದಲ್ಲಿ ಗಂಟಲು ಒಣಗುವುದೆಂದು ದೂರುವವರು, ಎಳೆಯ ಮಕ್ಕಳಿರುವ ಮನೆಯವರು ಇದನ್ನು ಕೊಳ್ಳುತ್ತಿದ್ದಾರೆ. ಮನೆಯ ಒಂದು ಭಾಗದಲ್ಲಿಯೇ ಕಚೇರಿ, ದಾಸ್ತಾನು ಅಥವಾ ಸಣ್ಣ ಕಾರ್ಯಾಗಾರ ನಡೆಸುವ ಉದ್ದಿಮೆದಾರರು ಇದೇ ಯಂತ್ರವನ್ನು ಕೆಲಸದ ಕೋಣೆಗೂ ತಂದಿಟ್ಟುಕೊಂಡಿದ್ದಾರೆ.

ಈ ಯಂತ್ರವನ್ನು ಯಾವಾಗ ಆರಂಭಿಸಬೇಕು ಎಂಬುದನ್ನು ಯಾರಿಗೂ ಹೇಳಿಕೊಡಬೇಕಾಗಿಲ್ಲ. ತುಟಿ ಒಡೆಯುತ್ತದೆ, ಚರ್ಮ ಬಿರಿಯುತ್ತದೆ, ನೂಲು ತುಂಡಾಗುತ್ತದೆ, ಕಾಗದದ ಹಾಳೆಗಳು ಒಂದಕ್ಕೊಂದು ಅಂಟಿಕೊಳ್ಳುತ್ತವೆ. ಆದರೆ ಯಾವಾಗ ನಿಲ್ಲಿಸಬೇಕು ಎಂಬುದಕ್ಕೆ ದೇಹವು ಅಷ್ಟು ಸ್ಪಷ್ಟವಾದ ಸೂಚನೆ ನೀಡುವುದಿಲ್ಲ. ಗಾಳಿಯ ಆರ್ದ್ರತೆ ಶೇ. 50 ಇದೆಯೋ ಶೇ. 70 ಇದೆಯೋ ಎಂಬುದನ್ನು ಕೋಣೆಯಲ್ಲಿ ಕುಳಿತವರು ಅಂದಾಜಿನಿಂದ ಹೇಳಲಾರರು. ಈ ವ್ಯತ್ಯಾಸವನ್ನು ಮೊದಲು ಗುರುತಿಸುವುದು ಗೋಡೆ, ಬೀರು, ಉಗ್ರಾಣದ ಸರಕು ಮತ್ತು ಯಂತ್ರದ ಕಬ್ಬಿಣ. ಅವು ತೋರಿಸುವ ಹೊತ್ತಿಗೆ ನಷ್ಟ ಆಗಿಹೋಗಿರುತ್ತದೆ. ಆದ್ದರಿಂದ ನಿಲ್ಲಿಸುವ ಹೊತ್ತನ್ನು ಅಳತೆಯಿಂದ ನಿರ್ಧರಿಸಬೇಕೇ ಹೊರತು ಅನಿಸಿಕೆಯಿಂದಲ್ಲ.

ಗಾಳಿಯಲ್ಲಿರುವ ನೀರಿನ ಲೆಕ್ಕ

ಒಂದು ನಿರ್ದಿಷ್ಟ ಉಷ್ಣಾಂಶದಲ್ಲಿ ಗಾಳಿಯು ಇಂತಿಷ್ಟೇ ನೀರಾವಿಯನ್ನು ಹಿಡಿದಿಟ್ಟುಕೊಳ್ಳಬಲ್ಲದು. ಆ ಗರಿಷ್ಠ ಪ್ರಮಾಣದ ಶೇಕಡಾ ಎಷ್ಟು ಭಾಗ ಈಗ ಗಾಳಿಯಲ್ಲಿದೆ ಎಂಬುದೇ ಸಾಪೇಕ್ಷ ಆರ್ದ್ರತೆ. ಒಂದು ಘನ ಮೀಟರ್ ಗಾಳಿಯು 10 ಡಿಗ್ರಿ ಸೆಲ್ಸಿಯಸ್‌ನಲ್ಲಿ ಸುಮಾರು 9 ಗ್ರಾಂ, 20 ಡಿಗ್ರಿಯಲ್ಲಿ ಸುಮಾರು 17 ಗ್ರಾಂ, 30 ಡಿಗ್ರಿಯಲ್ಲಿ ಸುಮಾರು 30 ಗ್ರಾಂ, 40 ಡಿಗ್ರಿಯಲ್ಲಿ ಸುಮಾರು 51 ಗ್ರಾಂ ನೀರಾವಿಯನ್ನು ಹಿಡಿಯುತ್ತದೆ. ಗಾಳಿ ಬಿಸಿಯಾದಷ್ಟೂ ಅದರ ಹಿಡಿತ ಹೆಚ್ಚುತ್ತದೆ. ತಣ್ಣಗಾದಂತೆ ಹಿಡಿತ ಕುಗ್ಗುತ್ತದೆ.

ಈ ಅಂಕಿಗಳನ್ನು ಒಂದು ಸಾಮಾನ್ಯ ಕೋಣೆಗೆ ಅನ್ವಯಿಸಿ ನೋಡಬಹುದು. ಹನ್ನೆರಡು ಅಡಿ ಉದ್ದ, ಹನ್ನೆರಡು ಅಡಿ ಅಗಲ, ಹತ್ತು ಅಡಿ ಎತ್ತರದ ಕೋಣೆಯಲ್ಲಿ ಸುಮಾರು 41 ಘನ ಮೀಟರ್ ಗಾಳಿಯಿರುತ್ತದೆ. ಉಷ್ಣಾಂಶ 30 ಡಿಗ್ರಿ ಇರುವಾಗ ಆರ್ದ್ರತೆಯನ್ನು ಶೇ. 30ರಿಂದ ಶೇ. 50ಕ್ಕೆ ಏರಿಸಲು ಬೇಕಾಗುವ ನೀರು ಸುಮಾರು 250 ಮಿಲಿಲೀಟರ್, ಎಂದರೆ ಕಾಲು ಲೀಟರ್ ಮಾತ್ರ. ಮನೆಬಳಕೆಯ ಸಾಧಾರಣ ಯಂತ್ರವು ಗಂಟೆಗೆ ಹೆಚ್ಚುಕಡಿಮೆ ಇಷ್ಟೇ ನೀರನ್ನು ಹೊರಸೂಸುತ್ತದೆ. ಬಾಗಿಲು ಕಿಟಕಿಗಳು ಭದ್ರವಾಗಿದ್ದರೆ ಮೊದಲ ಗಂಟೆಯಲ್ಲಿಯೇ ಕೋಣೆಯು ಹಿತಕರ ಮಟ್ಟವನ್ನು ತಲುಪುತ್ತದೆ. ಎರಡನೆಯ ಗಂಟೆಯಲ್ಲಿ ಶೇ. 70ರ ಸಮೀಪಕ್ಕೆ ಹೋಗುತ್ತದೆ. ನಾಲ್ಕು ಲೀಟರಿನ ತೊಟ್ಟಿಯನ್ನು ತುಂಬಿಸಿ ರಾತ್ರಿಯಿಡೀ ಚಾಲನೆಯಲ್ಲಿಟ್ಟರೆ, ಆ ಗಾಳಿ ಪೂರ್ಣ ತೇವಗೊಳ್ಳಲು ಬೇಕಾದುದಕ್ಕಿಂತ ನಾಲ್ಕೈದು ಪಟ್ಟು ನೀರು ಕೋಣೆಗೆ ಸೇರಿದಂತಾಗುತ್ತದೆ.

ವಾಸ್ತವದಲ್ಲಿ ಸಂದುಗಳ ಮೂಲಕ ಗಾಳಿಯಾಡುವುದರಿಂದ ಸ್ವಲ್ಪ ತೇವ ಹೊರಹೋಗುತ್ತದೆ. ಉಳಿದದ್ದನ್ನು ಸುಣ್ಣದ ಗೋಡೆ, ಹಾಸಿಗೆ, ಪರದೆ, ಮರದ ಸಾಮಾನು, ರಟ್ಟಿನ ಪೆಟ್ಟಿಗೆಗಳು ಹೀರಿಕೊಳ್ಳುತ್ತವೆ. ಈ ಹೀರಿಕೆಯಿಂದಾಗಿಯೇ ಗಾಳಿ ಒಣಗಿರುವಂತೆ ತೋರುತ್ತದೆ. ಯಂತ್ರವನ್ನು ಇನ್ನಷ್ಟು ಹೊತ್ತು ನಡೆಸಬೇಕೆನಿಸುತ್ತದೆ.

ಮತ್ತೊಂದು ಲೆಕ್ಕವು ಅಂಗಡಿ ಮತ್ತು ಕಾರ್ಯಾಗಾರಗಳಿಗೆ ಹೆಚ್ಚು ಮುಖ್ಯವಾದುದು. ಸಂಜೆ ಬಾಗಿಲು ಹಾಕುವಾಗ ಒಳಗೆ 30 ಡಿಗ್ರಿ ಉಷ್ಣಾಂಶ, ಶೇ. 60 ಆರ್ದ್ರತೆ ಇದೆಯೆಂದು ಭಾವಿಸೋಣ. ಬೆಳಗಿನ ಜಾವಕ್ಕೆ ಒಳಗಿನ ಉಷ್ಣಾಂಶ 22 ಡಿಗ್ರಿಗೆ ಇಳಿದರೆ, ಒಂದು ಹನಿ ನೀರೂ ಹೊಸದಾಗಿ ಸೇರದಿದ್ದರೂ, ಅದೇ ಗಾಳಿಯ ಆರ್ದ್ರತೆ ಶೇ. 90ನ್ನು ದಾಟುತ್ತದೆ. ಗಾಜು, ತಗಡಿನ ಸೂರು ಗಾಳಿಗಿಂತ ಬೇಗನೆ ತಣ್ಣಗಾಗುವುದರಿಂದ ಅವುಗಳ ಮೇಲೆ ಇಬ್ಬನಿಯಂತೆ ಹನಿ ಕಟ್ಟುತ್ತದೆ. ಹಗಲಿನಲ್ಲಿ ಸರಿಯಾಗಿಯೇ ಇದ್ದ ಮಟ್ಟವು ರಾತ್ರಿಯಲ್ಲಿ ಹಾನಿಕರವಾಗುವುದು ಹೀಗೆ. ಕೆಲಸ ಮುಗಿಯುವ ಒಂದೆರಡು ಗಂಟೆ ಮೊದಲೇ ಯಂತ್ರವನ್ನು ನಿಲ್ಲಿಸಿ, ಸ್ವಲ್ಪ ಹೊತ್ತು ಗಾಳಿಯಾಡಲು ಬಿಡಬೇಕೆಂಬ ಸಲಹೆಗೆ ಇದೇ ಆಧಾರ.

ಮಿತಿ ಎಲ್ಲಿದೆ?

ವಾಸದ ಮನೆಗಳ ಒಳಗಿನ ಆರ್ದ್ರತೆಯನ್ನು ಶೇ. 60ಕ್ಕಿಂತ ಕೆಳಗೆ, ಸಾಧ್ಯವಾದರೆ ಶೇ. 30ರಿಂದ 50ರ ನಡುವೆ ಇರಿಸಬೇಕೆಂಬುದು ಅಮೆರಿಕದ ಪರಿಸರ ಸಂರಕ್ಷಣಾ ಸಂಸ್ಥೆಯ ಸಲಹೆಯಾಗಿದೆ. ಶೇ. 50ನ್ನು ಮೀರಿದಂತೆ ಹಾಸಿಗೆ, ರತ್ನಗಂಬಳಿಗಳಲ್ಲಿ ಕಣ್ಣಿಗೆ ಕಾಣದ ದೂಳುನುಸಿಗಳು ವೃದ್ಧಿಯಾಗುತ್ತವೆ. ಅಸ್ತಮಾ ಹಾಗೂ ಒಗ್ಗದಿಕೆಯ ತೊಂದರೆ ಇರುವವರಿಗೆ ಇವು ಬಾಧಕ. ಗೋಡೆ ಅಥವಾ ಸರಕಿನ ಮೇಲ್ಮೈಗೆ ತಗುಲಿದ ಗಾಳಿಯ ಆರ್ದ್ರತೆ ಶೇ. 80ರ ಸುಮಾರಿಗೆ ಕೆಲವು ದಿನ ನಿಂತರೆ ಬೂಷ್ಟು ಬೆಳೆಯುತ್ತದೆ. ಕೋಣೆಯ ನಡುವೆ ಶೇ. 60 ಇರುವಾಗಲೇ ತಣ್ಣನೆಯ ಗೋಡೆಗೆ ಒರಗಿಸಿದ ಬೀರುವಿನ ಹಿಂಭಾಗದಲ್ಲಿ ಶೇ. 80 ಇರುವುದು ಸಾಧ್ಯ. ಆದ್ದರಿಂದಲೇ ಶೇ. 60 ಎಂಬುದು ತಲುಪಬೇಕಾದ ಗುರಿಯಲ್ಲ, ದಾಟಬಾರದ ಗಡಿ.

ವ್ಯಾಪಾರದ ಸರಕುಗಳಿಗೂ ತಮ್ಮದೇ ಆದ ಗಡಿಗಳಿವೆ. ಕಬ್ಬಿಣ ಹಾಗೂ ಉಕ್ಕಿನ ಮೇಲೆ ತುಕ್ಕು ಹಿಡಿಯುವ ವೇಗವು ಶೇ. 60ರ ಆಸುಪಾಸಿನಿಂದ ಮೇಲಕ್ಕೆ ತೀವ್ರವಾಗಿ ಏರುತ್ತದೆ. ಮರವು ಶೇ. 50 ಆರ್ದ್ರತೆಯಲ್ಲಿ ತನ್ನ ತೂಕದ ಸುಮಾರು ಶೇ. 9ರಷ್ಟು ನೀರನ್ನು ಹಿಡಿದರೆ, ಶೇ. 80ರಲ್ಲಿ ಸುಮಾರು ಶೇ. 16ರಷ್ಟನ್ನು ಹಿಡಿಯುತ್ತದೆ, ಅದರಂತೆ ಉಬ್ಬುತ್ತದೆ, ಕೀಲುಗಳು ಬಿಗಿಯಾಗುತ್ತವೆ. ಕಾಗದದ ರಾಶಿಯ ಅಂಚುಗಳು ಹೆಚ್ಚು ತೇವದಲ್ಲಿ ಅಲೆಯಂತೆ ಏಳುತ್ತವೆ; ಮುದ್ರಣದಲ್ಲಿ ಬಣ್ಣಗಳು ಒಂದರ ಮೇಲೊಂದು ಸರಿಯಾಗಿ ಕೂಡುವುದಿಲ್ಲ, ಶಾಯಿ ಒಣಗುವುದು ತಡವಾಗುತ್ತದೆ. ಬೆಲ್ಲ ನೀರೊಡೆಯುತ್ತದೆ, ಒಣಮೆಣಸಿನಕಾಯಿ, ಬೇಳೆಕಾಳುಗಳಿಗೆ ಬೂಷ್ಟು ಹಿಡಿಯುತ್ತದೆ. ದಿನಸಿ ದಾಸ್ತಾನಿನ ಪಕ್ಕದ ಕೋಣೆಯಲ್ಲಿ ಹ್ಯುಮಿಡಿಫೈಯರ್ ನಡೆಸುವವರು ಇದನ್ನು ವಿಶೇಷವಾಗಿ ಗಮನಿಸಬೇಕು. ತೆರೆದ ಬಾಗಿಲಿನ ಮೂಲಕ ತೇವವು ಸದ್ದಿಲ್ಲದೆ ಹರಿದುಹೋಗುತ್ತದೆ.

ನೂಲಿನ ವ್ಯವಹಾರದಲ್ಲಿ ತೇವಾಂಶವು ಹಣದ ಪ್ರಶ್ನೆಯೂ ಹೌದು. ಒಣ ತೂಕದ ಮೇಲೆ ಹತ್ತಿಗೆ ಶೇ. 8.5 ಹಾಗೂ ರೇಷ್ಮೆಗೆ ಶೇ. 11 ತೇವಾಂಶವನ್ನು ವ್ಯಾಪಾರದಲ್ಲಿ ಒಪ್ಪಿತ ಪ್ರಮಾಣವೆಂದು ಪರಿಗಣಿಸಲಾಗುತ್ತದೆ. ಅತಿ ತೇವದ ಕೋಣೆಯಲ್ಲಿಟ್ಟ ನೂಲು ತೂಕಕ್ಕೆ ಹೆಚ್ಚು ಬಂದರೂ, ಖರೀದಿದಾರನ ಒಣ ಗೋದಾಮಿನಲ್ಲಿ ಆ ಹೆಚ್ಚುವರಿ ಕಳೆದುಹೋಗುತ್ತದೆ. ತೂಕದ ತಕರಾರು, ಕಡಿತ, ಕೊನೆಗೆ ನಂಬಿಕೆಯ ಹಾನಿ ಇವುಗಳಿಗೆ ಕಾರಣ ಮೋಸವಾಗಿರಬೇಕಿಲ್ಲ. ಸಕಾಲದಲ್ಲಿ ನಿಲ್ಲಿಸದ ಯಂತ್ರವೇ ಸಾಕು.

ಉದ್ದಿಮೆಗಳ ಅನುಭವ

ತೇವವನ್ನು ಎಲ್ಲಿಗೆ ನಿಲ್ಲಿಸಬೇಕು ಎಂಬ ಪ್ರಶ್ನೆ ಹೊಸದಲ್ಲ. ಹತ್ತೊಂಬತ್ತನೆಯ ಶತಮಾನದ ಉತ್ತರಾರ್ಧದಲ್ಲಿ ಇಂಗ್ಲೆಂಡಿನ ಲಂಕಾಷೈರ್ ಪ್ರಾಂತದ ನೇಯ್ಗೆ ಗಿರಣಿಗಳಲ್ಲಿ ಗಂಜಿ ಹಾಕಿದ ಹಾಸು ನೂಲು ತುಂಡಾಗದಿರಲೆಂದು ಒಳಗೆ ಹಬೆಯನ್ನು ಬಿಡುವ ಪದ್ಧತಿ ಬಂದಿತು. ನೂಲಿಗೆ ಒಳ್ಳೆಯದಾದದ್ದು ನೇಕಾರರಿಗೆ ಅಸಹನೀಯವಾಯಿತು. ಅವರ ದೂರುಗಳ ಫಲವಾಗಿ ಬ್ರಿಟಿಷ್ ಸಂಸತ್ತು 1889ರಲ್ಲಿ ಹತ್ತಿಬಟ್ಟೆ ಕಾರ್ಖಾನೆಗಳ ಕಾಯ್ದೆಯನ್ನು ಅಂಗೀಕರಿಸಿ, ಯಾವ ಉಷ್ಣಾಂಶದಲ್ಲಿ ಎಷ್ಟು ತೇವವಿರಬಹುದು ಎಂಬುದಕ್ಕೆ ಮಿತಿ ಗೊತ್ತುಪಡಿಸಿತು.

ಇಂದಿನ ಹವಾನಿಯಂತ್ರಣದ ಮೂಲವೂ ಇದೇ ಸಮಸ್ಯೆಯಲ್ಲಿದೆ ಎಂಬುದು ಗಮನಾರ್ಹ. 1902ರಲ್ಲಿ ನ್ಯೂಯಾರ್ಕಿನ ಬ್ರೂಕ್ಲಿನ್‌ನಲ್ಲಿದ್ದ ಒಂದು ಬಣ್ಣದ ಮುದ್ರಣಾಲಯದಲ್ಲಿ ಕಾಗದವು ಹವೆಗೆ ತಕ್ಕಂತೆ ಹಿಗ್ಗಿ ಕುಗ್ಗಿ ಮುದ್ರಣ ಕೆಡುತ್ತಿದ್ದುದನ್ನು ತಡೆಯಲು ವಿಲ್ಲಿಸ್ ಕ್ಯಾರಿಯರ್ ಎಂಬ ತರುಣ ಎಂಜಿನಿಯರ್ ಒಂದು ವ್ಯವಸ್ಥೆಯನ್ನು ವಿನ್ಯಾಸಗೊಳಿಸಿದನು. ಅದರ ಗುರಿ ತಂಪು ಮಾತ್ರವಾಗಿರಲಿಲ್ಲ, ವರ್ಷವಿಡೀ ಒಂದೇ ಮಟ್ಟದ ಆರ್ದ್ರತೆಯಾಗಿತ್ತು. 'ಏರ್ ಕಂಡೀಷನಿಂಗ್' ಎಂಬ ಪದವನ್ನು 1906ರಲ್ಲಿ ಬಳಕೆಗೆ ತಂದ ಸ್ಟುವರ್ಟ್ ಕ್ರೇಮರ್ ಕೂಡ ಜವಳಿ ಗಿರಣಿಗಳ ಗಾಳಿಗೆ ತೇವ ನೀಡುವ ಕೆಲಸದಲ್ಲಿದ್ದ ಎಂಜಿನಿಯರ್.

ಭಾರತದಲ್ಲಿ 1948ರ ಕಾರ್ಖಾನೆಗಳ ಕಾಯ್ದೆಯ 15ನೆಯ ಪ್ರಕರಣವು ಕೃತಕವಾಗಿ ತೇವ ನೀಡುವ ಕಾರ್ಖಾನೆಗಳಿಗೆ ಮಾನದಂಡಗಳನ್ನು ರೂಪಿಸುವ ಅಧಿಕಾರವನ್ನು ರಾಜ್ಯ ಸರ್ಕಾರಗಳಿಗೆ ನೀಡಿತು. ಇದಕ್ಕೆ ಬಳಸುವ ನೀರು ಸಾರ್ವಜನಿಕ ಪೂರೈಕೆಯದು ಅಥವಾ ಕುಡಿಯುವ ನೀರಿನ ಮೂಲದ್ದಾಗಿರಬೇಕು, ಇಲ್ಲವೇ ಬಳಕೆಗೆ ಮೊದಲು ಶುದ್ಧಗೊಂಡಿರಬೇಕು ಎಂದೂ ವಿಧಿಸಿತು. ಅದರನ್ವಯ ಬಂದ ರಾಜ್ಯ ನಿಯಮಗಳು ಹತ್ತಿ ನೂಲುವ ಹಾಗೂ ನೇಯುವ ಕಾರ್ಖಾನೆಗಳಿಗೆ ನಿಲುಗಡೆಯ ಬಿಂದುವನ್ನೇ ಗೊತ್ತುಪಡಿಸಿದವು. ಒಳಗಿನ ಉಷ್ಣಾಂಶ 85 ಡಿಗ್ರಿ ಫ್ಯಾರನ್‌ಹೀಟ್, ಎಂದರೆ ಸುಮಾರು 29.5 ಡಿಗ್ರಿ ಸೆಲ್ಸಿಯಸ್ ಮೀರಿದಾಗ ಹಬೆಯಿಂದ ತೇವ ನೀಡುವಂತಿಲ್ಲ. ಒದ್ದೆ ಬಲ್ಬಿನ ಅಂಕಿ ಪಟ್ಟಿಯಲ್ಲಿ ಹೇಳಿದ್ದಕ್ಕಿಂತ ಹೆಚ್ಚಾದಾಗ ಯಾವುದೇ ವಿಧಾನದಿಂದಲೂ ತೇವ ನೀಡುವಂತಿಲ್ಲ. ದಿನಕ್ಕೆ ಮೂರು ಬಾರಿ ಅಳತೆ ತೆಗೆದು ದಾಖಲಿಸುವ ಕ್ರಮವೂ ಇತ್ತು. 2025ರ ನವೆಂಬರ್ 21ರಂದು ಜಾರಿಗೆ ಬಂದ 2020ರ ಔದ್ಯೋಗಿಕ ಸುರಕ್ಷತೆ, ಆರೋಗ್ಯ ಮತ್ತು ಕೆಲಸದ ಸ್ಥಿತಿಗತಿಗಳ ಸಂಹಿತೆಯು ಈಗ ಈ ಕಾಯ್ದೆಯ ಸ್ಥಾನದಲ್ಲಿದ್ದು, ಕೃತಕ ತೇವದ ಮಾನದಂಡಗಳು ಅದರ ವ್ಯಾಪ್ತಿಯಲ್ಲಿಯೂ ಸೇರಿವೆ. ಮನೆಯಲ್ಲಿಯೇ ಎರಡು ಮಗ್ಗ ಇಟ್ಟುಕೊಂಡವರಿಗೆ ಕಾನೂನು ಅನ್ವಯಿಸದಿರಬಹುದು. ಆದರೆ ದಿನಕ್ಕೆ ಮೂರು ಬಾರಿ ಅಳೆದು ಬರೆದಿಡುವ ಆ ಶಿಸ್ತು ಅವರಿಗೂ ಲಾಭದಾಯಕ.

ನೇಯ್ಗೆಗೆ ತೇವ ಬೇಕು ಎಂಬುದರಲ್ಲಿ ಎರಡು ಮಾತಿಲ್ಲ. ನೆಲಮಟ್ಟಕ್ಕಿಂತ ಕೆಳಗೆ ಕುಳಿತು ನೇಯುವ ಗುಂಡಿ ಮಗ್ಗದಲ್ಲಿ ನೆಲದ ತಂಪು ನೂಲಿಗೆ ದೊರೆಯುತ್ತಿತ್ತು. ಹತ್ತಿ ನೂಲು ತೇವದಲ್ಲಿ ಗಟ್ಟಿಯಾಗುತ್ತದೆ. ಆದರೆ ತೇವ ಅತಿಯಾದರೆ ಹಾಸಿಗೆ ಹಾಕಿದ ಗಂಜಿ ಮೆತ್ತಗಾಗಿ ಎಳೆಗಳು ಅಂಟಿಕೊಳ್ಳುತ್ತವೆ. ನೂಲುವ ಯಂತ್ರದಲ್ಲಿ ನಾರು ರೋಲರುಗಳಿಗೆ ಸುತ್ತಿಕೊಳ್ಳುತ್ತದೆ. ವಿಸ್ಕೋಸ್ ನೂಲಂತೂ ಒದ್ದೆಯಾದಷ್ಟೂ ದುರ್ಬಲ. ಒಂದೇ ಕೋಣೆಯಲ್ಲಿ ಎರಡೂ ಬಗೆಯ ನೂಲು ನೇಯುವವರು ಹತ್ತಿಗೆ ಹೊಂದಿಸಿದ ಮಟ್ಟವನ್ನೇ ವಿಸ್ಕೋಸಿಗೂ ಮುಂದುವರಿಸಬಾರದು.

ರೇಷ್ಮೆ ಸಾಕಣೆ ಮನೆಯ ಪಾಠ

ತೇವವನ್ನು ಹಂತಹಂತವಾಗಿ ತಗ್ಗಿಸಿ ನಿಲ್ಲಿಸುವ ಕ್ರಮಕ್ಕೆ ಕರ್ನಾಟಕದಲ್ಲಿ ಅತ್ಯುತ್ತಮ ನಿದರ್ಶನ ದೊರೆಯುವುದು ರೇಷ್ಮೆ ಸಾಕಣೆ ಮನೆಗಳಲ್ಲಿ. ರೇಷ್ಮೆ ಕೃಷಿಯ ಶಿಫಾರಸುಗಳ ಪ್ರಕಾರ ಚಾಕಿ ಹಂತದ ಎಳೆಯ ಹುಳುಗಳಿಗೆ 27–28 ಡಿಗ್ರಿ ಉಷ್ಣಾಂಶ ಹಾಗೂ ಶೇ. 85ರಿಂದ 90ರಷ್ಟು ಆರ್ದ್ರತೆ ಬೇಕು. ಹುಳು ಬೆಳೆದಂತೆ ಇದನ್ನು ಇಳಿಸುತ್ತ ಬಂದು, ಐದನೆಯ ಹಂತದಲ್ಲಿ ಶೇ. 65ರಿಂದ 70ಕ್ಕೆ, ಚಂದ್ರಿಕೆಯಲ್ಲಿ ಗೂಡು ಕಟ್ಟುವಾಗ ಶೇ. 60ರಿಂದ 65ಕ್ಕೆ ತರಬೇಕು.

ಹುಳುಗಳು ಪೊರೆ ಬಿಡುವ ಅವಧಿಯನ್ನು ರೈತರು 'ಜ್ವರ' ಎನ್ನುತ್ತಾರೆ. ಹುಳುಗಳು ಜ್ವರಕ್ಕೆ ಕೂರುತ್ತಿದ್ದಂತೆ ಮೇಣದ ಕಾಗದವನ್ನೂ ಒದ್ದೆ ಸ್ಪಂಜಿನ ಪಟ್ಟಿಗಳನ್ನೂ ತೆಗೆದು, ಸುಣ್ಣದ ಪುಡಿ ಉದುರಿಸಿ, ಹಾಸಿಗೆಯನ್ನು ಒಣಗಿಸಿ, ಗಾಳಿಯಾಡಲು ಬಿಡಲಾಗುತ್ತದೆ. ಹಿಂದಿನ ದಿನದವರೆಗೆ ಅಗತ್ಯವಾಗಿದ್ದ ತೇವವೇ ಅಂದಿನಿಂದ ಅಪಾಯಕಾರಿ. ದೊಡ್ಡ ಹುಳುಗಳ ಹಂತದಲ್ಲಿ ತೇವ ಹೆಚ್ಚಾಗಿ ಗಾಳಿ ಕಟ್ಟಿದರೆ ಸುಣ್ಣಕಟ್ಟು ರೋಗ, ಸಪ್ಪೆ ರೋಗಗಳು ಕಾಣಿಸಿಕೊಂಡು ಬೆಳೆಯೇ ಕೈಬಿಟ್ಟುಹೋಗಬಹುದು. ಗೂಡು ಕಟ್ಟುವಾಗಿನ ತೇವವು ಎಳೆಯ ಬಿಚ್ಚಾಣಿಕೆಯನ್ನು ಕೆಡಿಸಿ ನೂಲು ಬಿಚ್ಚುವವರ ಇಳುವರಿಯನ್ನು ತಗ್ಗಿಸುತ್ತದೆ. ಅದು ಮಾರುಕಟ್ಟೆಯ ದರದಲ್ಲಿ ಪ್ರತಿಫಲಿಸುತ್ತದೆ.

ಇಲ್ಲಿ ಗಮನಿಸಬೇಕಾದ ಅಂಶವೆಂದರೆ, ತೇವದ ಅಗತ್ಯವು ಕೋಣೆಗೆ ಸಂಬಂಧಿಸಿದ್ದಲ್ಲ, ಕೋಣೆಯಲ್ಲಿ ನಡೆಯುವ ಕೆಲಸದ ಹಂತಕ್ಕೆ ಸಂಬಂಧಿಸಿದ್ದು. ಮಗುವಿನ ನೆಗಡಿಗೆಂದು ತಂದ ಯಂತ್ರವು ನೆಗಡಿ ಕಳೆದ ಮೇಲೂ ತಿಂಗಳುಗಟ್ಟಲೆ ನಡೆಯುತ್ತಿದ್ದರೆ, ಅಥವಾ ಮುದ್ರಣದ ಒಂದು ದೊಡ್ಡ ಕೆಲಸಕ್ಕಾಗಿ ಆರಂಭಿಸಿದ ಯಂತ್ರ ಆ ಕೆಲಸ ಮುಗಿದ ಮೇಲೂ ನಿಲ್ಲದಿದ್ದರೆ, ಅದು ಸಾಕಣೆ ಮನೆಯಲ್ಲಿ ಜ್ವರದ ದಿನವೂ ಒದ್ದೆ ಪಟ್ಟಿಗಳನ್ನು ಬಿಟ್ಟಂತೆಯೇ ಸರಿ.

ಏರ್ ಕೂಲರ್ ಸಹ ತೇವದ ಯಂತ್ರವೇ

ಕಲಬುರಗಿ, ರಾಯಚೂರು, ವಿಜಯಪುರ, ಬಳ್ಳಾರಿ ಭಾಗಗಳಲ್ಲಿ ಬೇಸಿಗೆಯ ನಾಲ್ಕು ತಿಂಗಳು ಮನೆ ಮತ್ತು ಅಂಗಡಿಗಳಲ್ಲಿ ಏರ್ ಕೂಲರ್ ನಡೆಯುತ್ತದೆ. ಅದನ್ನು ತಂಪಿನ ಯಂತ್ರವೆಂದು ಕರೆದರೂ, ಅದು ಕೆಲಸ ಮಾಡುವುದು ನೀರನ್ನು ಗಾಳಿಗೆ ಸೇರಿಸಿಯೇ. ಹೊರಗೆ 40 ಡಿಗ್ರಿ ಬಿಸಿಲು, ಶೇ. 20 ಆರ್ದ್ರತೆ ಇರುವಾಗ ಒದ್ದೆ ಬಲ್ಬಿನ ಉಷ್ಣಾಂಶ ಸುಮಾರು 22 ಡಿಗ್ರಿ. ಎಂದರೆ ಕೂಲರಿಗೆ 18 ಡಿಗ್ರಿಗಳವರೆಗೆ ತಂಪು ಮಾಡುವ ಅವಕಾಶವಿದೆ. ಮಳೆ ಆರಂಭವಾಗಿ ಉಷ್ಣಾಂಶ 30 ಡಿಗ್ರಿ, ಆರ್ದ್ರತೆ ಶೇ. 75 ಆದಾಗ ಒದ್ದೆ ಬಲ್ಬಿನ ಅಂಕಿ ಸುಮಾರು 26 ಡಿಗ್ರಿ. ಆಗ ಅವಕಾಶವಿರುವುದು ನಾಲ್ಕು ಡಿಗ್ರಿ ಮಾತ್ರ, ಅದೂ ಪೂರ್ಣವಾಗಿ ದೊರೆಯುವುದಿಲ್ಲ. ತಂಪು ಬರದಿದ್ದರೂ ತೇವ ಮಾತ್ರ ಬರುತ್ತಲೇ ಇರುತ್ತದೆ. ಬೆವರು ಆರದೆ ಸೆಕೆ ಹೆಚ್ಚುತ್ತದೆ. ಮುಂಗಾರಿನ ಮೊದಲ ವಾರವೇ ಕೂಲರಿನ ನೀರಿನ ಪಂಪನ್ನು ನಿಲ್ಲಿಸುವ ಹೊತ್ತು. ಬೇಕಿದ್ದರೆ ಫ್ಯಾನನ್ನು ಮಾತ್ರ ಬಳಸಬಹುದು. ನಿಲ್ಲಿಸಿದ ಕೂಲರಿನಲ್ಲಿ ನೀರು ಉಳಿದರೆ ಅದು ಡೆಂಗ್ಯೂ ಹರಡುವ ಸೊಳ್ಳೆಗಳ ತಾಣವಾಗುವುದರಿಂದ ತೊಟ್ಟಿಯನ್ನು ಬರಿದುಮಾಡಿ ಒರೆಸಿಡುವುದು ಅಗತ್ಯ.

ಕರಾವಳಿಯಲ್ಲಿ ವರ್ಷದ ಬಹುಭಾಗ ಗಾಳಿಯೇ ತೇವದಿಂದ ಕೂಡಿರುವುದರಿಂದ ಅಲ್ಲಿ ಹವಾನಿಯಂತ್ರಿತ ಕೊಠಡಿಯ ಹೊರತು ಈ ಯಂತ್ರಕ್ಕೆ ಕೆಲಸವೇ ಇಲ್ಲ. ಹವಾನಿಯಂತ್ರಕ ಹಾಗೂ ಹ್ಯುಮಿಡಿಫೈಯರ್ ಎರಡನ್ನೂ ಒಟ್ಟಿಗೆ ನಡೆಸುವ ರೂಢಿಯನ್ನೂ ಪರಿಶೀಲಿಸಬೇಕು. ಒಂದು ಯಂತ್ರ ಸೇರಿಸಿದ ನೀರನ್ನು ಇನ್ನೊಂದು ಹಿಂಡಿ ಕೊಳವೆಯ ಮೂಲಕ ಹೊರಹಾಕುತ್ತಿರುತ್ತದೆ. ತಂಪಿಗಾಗಿ ಕೊಟ್ಟ ವಿದ್ಯುತ್ತಿನ ಒಂದು ಭಾಗ ಈ ಹಿಂಡುವಿಕೆಗೇ ವೆಚ್ಚವಾಗುತ್ತದೆ.

ನೀರು ಕೆಟ್ಟಾಗ ನಿಲ್ಲಿಸುವುದು

ಆರ್ದ್ರತೆ ಮಿತಿಯೊಳಗಿದ್ದರೂ ಯಂತ್ರವನ್ನು ಕೂಡಲೇ ನಿಲ್ಲಿಸಬೇಕಾದ ಸಂದರ್ಭವೊಂದಿದೆ. ಅದು ತೊಟ್ಟಿಯ ನೀರು ಕೆಟ್ಟಿರುವಾಗ. ಶಬ್ದಾತೀತ ಕಂಪನದಿಂದ ಮಂಜು ಎಬ್ಬಿಸುವ ಯಂತ್ರಗಳು ನೀರಿನಲ್ಲಿರುವ ಸಮಸ್ತವನ್ನೂ ಗಾಳಿಗೆ ಸೇರಿಸುತ್ತವೆ. ಕೊಳವೆಬಾವಿಯ ಗಡಸು ನೀರನ್ನು ತುಂಬಿಸಿದರೆ ಅದರ ಲವಣಗಳು ಬಿಳಿಯ ಪುಡಿಯಾಗಿ ಸರಕು, ಗಣಕಯಂತ್ರ, ಮುದ್ರಣದ ಹಾಳೆಗಳ ಮೇಲೆ ಕೂರುತ್ತವೆ. ನೀರನ್ನು ಕುದಿಸಿದರೆ ಈ ಲವಣಗಳೆಲ್ಲ ಹೋಗುವುದಿಲ್ಲ. ಬಟ್ಟಿ ಇಳಿಸಿದ ನೀರು ಉತ್ತಮ, ಆರ್.ಒ. ಶುದ್ಧೀಕರಣದ ನೀರೂ ಆದೀತು.

ನಿಂತ ನೀರಿನಲ್ಲಿ ಬೆಳೆಯುವ ಸೂಕ್ಷ್ಮಜೀವಿಗಳ ವಿಷಯ ಇದಕ್ಕಿಂತ ಗಂಭೀರ. 1970ರ ದಶಕದಲ್ಲಿ ಬ್ರಿಟನ್ನಿನ ಕೆಲವು ಕಾರ್ಖಾನೆಗಳಲ್ಲಿ ಕಾರ್ಮಿಕರಿಗೆ ವಾರದ ರಜೆ ಮುಗಿಸಿ ಬಂದ ಸೋಮವಾರವೇ ಜ್ವರ, ಎದೆಬಿಗಿತ ಕಾಣಿಸಿಕೊಳ್ಳುತ್ತಿತ್ತು. ತೇವ ನೀಡುವ ವ್ಯವಸ್ಥೆಯ ನೀರು ಕಲುಷಿತಗೊಂಡಿದ್ದುದೇ ಅದರ ಕಾರಣವೆಂದು ವೈದ್ಯರು ಗುರುತಿಸಿದರು; ವೈದ್ಯಕೀಯದಲ್ಲಿ ಅದಕ್ಕೆ 'ಹ್ಯುಮಿಡಿಫೈಯರ್ ಜ್ವರ' ಎಂಬ ಹೆಸರೇ ಉಳಿದಿದೆ. ತೊಟ್ಟಿಯ ನೀರನ್ನು ಪ್ರತಿದಿನ ಬದಲಿಸಿ, ಮೂರು ದಿನಕ್ಕೊಮ್ಮೆ ಉಜ್ಜಿ ತೊಳೆಯಬೇಕೆಂಬ ಸಲಹೆಯನ್ನು ಲಘುವಾಗಿ ಪರಿಗಣಿಸಬಾರದು. ತೊಟ್ಟಿಯ ಗೋಡೆ ಲೋಳೆಯಾಗಿದ್ದರೆ, ಮಂಜಿನಲ್ಲಿ ಮುಗ್ಗಲು ವಾಸನೆಯಿದ್ದರೆ, ಯಂತ್ರ ನಡೆಯುವಾಗ ಮಾತ್ರ ಯಾರಿಗಾದರೂ ಕೆಮ್ಮು ಬರುತ್ತಿದ್ದರೆ, ತಕ್ಷಣ ನಿಲ್ಲಿಸುವುದೊಂದೇ ದಾರಿ.

ಶುಚಿತ್ವಕ್ಕೆಂದು ನೀರಿಗೆ ರಾಸಾಯನಿಕ ಬೆರೆಸುವುದು ಇನ್ನೂ ದೊಡ್ಡ ಅಪಾಯ. ದಕ್ಷಿಣ ಕೊರಿಯಾದಲ್ಲಿ 1994ರಿಂದ ಹ್ಯುಮಿಡಿಫೈಯರ್ ತೊಟ್ಟಿಗೆ ಹಾಕುವ ಸೋಂಕುನಾಶಕ ದ್ರವಗಳು ಮಾರಾಟದಲ್ಲಿದ್ದವು. ಬೇರೆ ಬಳಕೆಗಳಿದ್ದ ರಾಸಾಯನಿಕಗಳನ್ನು, ಉಸಿರಿನೊಡನೆ ಒಳಸೇರಿದರೆ ಏನಾಗುವುದೆಂಬುದನ್ನು ಸರಿಯಾಗಿ ಪರೀಕ್ಷಿಸದೆ ಅವುಗಳಲ್ಲಿ ಬಳಸಲಾಗಿತ್ತು. 2011ರಲ್ಲಿ ಗರ್ಭಿಣಿಯರು ಹಾಗೂ ಮಕ್ಕಳಲ್ಲಿ ಕಾಣಿಸಿಕೊಂಡ ತೀವ್ರ ಶ್ವಾಸಕೋಶದ ಕಾಯಿಲೆಯ ಮೂಲವನ್ನು ಹುಡುಕಿದಾಗ ಈ ದ್ರವಗಳೇ ಕಾರಣವೆಂದು ತಿಳಿದು, ಅವುಗಳ ಮಾರಾಟವನ್ನು ತಡೆಯಲಾಯಿತು. ಸರ್ಕಾರವು ಅಧಿಕೃತವಾಗಿ ಗುರುತಿಸಿದ ಸಂತ್ರಸ್ತರ ಸಂಖ್ಯೆ ಸಾವಿರಗಳಲ್ಲಿದೆ, ಮಡಿದವರೂ ಅನೇಕರು. ಮನೆಮನೆಗೆ ಸರಕು ತಲುಪಿಸುವ ಪ್ರತಿಯೊಬ್ಬ ತಯಾರಕ ಮತ್ತು ವರ್ತಕನೂ ನೆನಪಿಡಬೇಕಾದ ದುರಂತವಿದು. ಯಂತ್ರದೊಡನೆ ಬಂದ ಕೈಪಿಡಿಯಲ್ಲಿ ಹೇಳದ ಯಾವುದನ್ನೂ, ಅದು ಸುಗಂಧದ ಎಣ್ಣೆಯೇ ಆಗಲಿ, ತೊಟ್ಟಿಗೆ ಸೇರಿಸಬಾರದು.

ಅಳತೆಯ ಸಾಧನ ಮತ್ತು ಅದರ ಪರೀಕ್ಷೆ

ಇಷ್ಟೆಲ್ಲ ನಿರ್ಧಾರಗಳಿಗೆ ಬೇಕಾದ ಸಾಧನ ಒಂದೇ: ಆರ್ದ್ರತಾಮಾಪಕ. ಕೆಲವು ನೂರು ರೂಪಾಯಿಗಳಿಗೆ ಅಂಕಿ ತೋರಿಸುವ ಚಿಕ್ಕ ಮಾಪಕಗಳು ದೊರೆಯುತ್ತವೆ. ಅವು ಸರಿಯಾಗಿವೆಯೇ ಎಂಬುದನ್ನು ಅಡುಗೆ ಉಪ್ಪಿನಿಂದಲೇ ಪರೀಕ್ಷಿಸಬಹುದು. ಬಾಟಲಿಯ ಮುಚ್ಚಳದಲ್ಲಿ ಉಪ್ಪು ಹಾಕಿ, ಅದು ಕರಗದೆ ಒದ್ದೆಯಾಗುವಷ್ಟು ಮಾತ್ರ ನೀರು ಚಿಮುಕಿಸಿ, ಮಾಪಕದೊಡನೆ ಗಾಳಿಯಾಡದ ಡಬ್ಬಿ ಅಥವಾ ಪ್ಲಾಸ್ಟಿಕ್ ಚೀಲದಲ್ಲಿ ರಾತ್ರಿಯಿಡೀ ಇಡಬೇಕು. ಬೆಳಿಗ್ಗೆ ಮಾಪಕವು ಶೇ. 75 ತೋರಿಸಬೇಕು. ಶೇ. 70 ತೋರಿಸಿದರೆ ಆ ಮಾಪಕ 5 ಅಂಶ ಕಡಿಮೆ ತೋರಿಸುತ್ತದೆಂದು ಬರೆದು ಅಂಟಿಸಿಕೊಳ್ಳಬಹುದು.

ಹಳೆಯ ವಿಧಾನವೂ ವಿಶ್ವಾಸಾರ್ಹವೇ. ಎರಡು ಉಷ್ಣಮಾಪಕಗಳಲ್ಲಿ ಒಂದರ ಬುಡಕ್ಕೆ ಒದ್ದೆ ಬಟ್ಟೆ ಸುತ್ತಿ, ಗಾಳಿ ತಾಗುವಂತೆ ತೂಗುಹಾಕಬೇಕು. ಒಣ ಮಾಪಕ 30 ಡಿಗ್ರಿ, ಒದ್ದೆಯದು 22 ಡಿಗ್ರಿ ತೋರಿಸಿದರೆ ಆರ್ದ್ರತೆ ಸುಮಾರು ಶೇ. 50. ಒದ್ದೆಯದು 24 ಡಿಗ್ರಿಗೆ ಏರಿದರೆ ಆರ್ದ್ರತೆ ಶೇ. 60ನ್ನು ಮುಟ್ಟಿದೆ, ಯಂತ್ರವನ್ನು ನಿಲ್ಲಿಸಬೇಕು. ಮಾಪಕವನ್ನು ಯಂತ್ರದ ಮಂಜಿನೆದುರು ಇಡದೆ, ಕೋಣೆಯ ಇನ್ನೊಂದು ಬದಿಯಲ್ಲಿ, ಸಾಧ್ಯವಾದರೆ ತಣ್ಣನೆಯ ಗೋಡೆಯ ಸಮೀಪ ಇಡುವುದು ಸೂಕ್ತ.

ಯಂತ್ರವನ್ನು ನಿಲ್ಲಿಸಬೇಕಾದ ಸಂದರ್ಭಗಳನ್ನು ಹೀಗೆ ಸಂಗ್ರಹಿಸಬಹುದು:

1. ವಾಸದ ಕೋಣೆ ಅಥವಾ ಕಚೇರಿಯಲ್ಲಿ ಮಾಪಕವು ಶೇ. 50 ತಲುಪಿದಾಗ; ಯಾವ ಕಾರಣಕ್ಕೂ ಶೇ. 60 ದಾಟಲು ಬಿಡಬಾರದು.

2. ಉದ್ದಿಮೆಯಲ್ಲಿ, ಆಯಾ ಸರಕು ಹಾಗೂ ಕೆಲಸದ ಹಂತಕ್ಕೆ ಗೊತ್ತಾದ ಮಟ್ಟ ತಲುಪಿದಾಗ. ಹಂತ ಬದಲಾದೊಡನೆ ಮಟ್ಟವನ್ನೂ ಬದಲಿಸಬೇಕು.

3. ಕಿಟಕಿಯ ಗಾಜು, ತಗಡು ಅಥವಾ ಯಂತ್ರದ ಮೇಲೆ ಹನಿ ಕಂಡಾಗ, ಗೋಡೆಯ ಮೂಲೆಯಲ್ಲಿ ಕಪ್ಪು ಚುಕ್ಕೆ ಮೂಡಿದಾಗ.

4. ಕೆಲಸ ಮುಗಿಸಿ ಬಾಗಿಲು ಹಾಕುವ ಒಂದೆರಡು ಗಂಟೆ ಮುಂಚೆ.

5. ಮಳೆಗಾಲ ಆರಂಭವಾದಾಗ, ಹಾಗೂ ಹೊರಗಿನ ಗಾಳಿಯೇ ಶೇ. 60ಕ್ಕಿಂತ ತೇವವಾಗಿರುವ ಯಾವುದೇ ದಿನ.

6. ತೊಟ್ಟಿಯಲ್ಲಿ ಲೋಳೆ, ಮಂಜಿನಲ್ಲಿ ವಾಸನೆ, ಅಥವಾ ಕೋಣೆಯಲ್ಲಿರುವವರಿಗೆ ಕೆಮ್ಮು, ಉಬ್ಬಸ ಕಂಡುಬಂದಾಗ.

ಋತು ಮುಗಿದು ಯಂತ್ರವನ್ನು ಒಳಗಿಡುವಾಗ ನೀರನ್ನು ಪೂರ್ಣವಾಗಿ ಚೆಲ್ಲಿ, ಭಾಗಗಳನ್ನು ತೊಳೆದು ಒಣಗಿಸಿ ಇಡಬೇಕು. ಮರುವರ್ಷ ತೆಗೆದಾಗ ಬಳಕೆಗೆ ಮೊದಲು ಮತ್ತೊಮ್ಮೆ ತೊಳೆಯಬೇಕು.

ಗೃಹೋಪಯೋಗಿ ವಸ್ತುಗಳ ವರ್ತಕರಿಗೂ ಇಲ್ಲೊಂದು ಅವಕಾಶವಿದೆ. ಹ್ಯುಮಿಡಿಫೈಯರ್ ಕೊಳ್ಳುವ ಗ್ರಾಹಕನಿಗೆ ಮಾಪಕವೊಂದನ್ನೂ ಜೊತೆಗೆ ಒದಗಿಸಿ, ಮೇಲಿನ ಸೂಚನೆಗಳನ್ನು ಕನ್ನಡದಲ್ಲಿ ಮುದ್ರಿಸಿದ ಚೀಟಿ ನೀಡಿದರೆ, ಬೂಷ್ಟು ಹಿಡಿದ ಗೋಡೆಯ ಅಥವಾ ಬಿಳಿಯ ಪುಡಿಯ ದೂರಿನೊಡನೆ ಯಂತ್ರ ಹಿಂದಿರುಗುವುದು ತಪ್ಪುತ್ತದೆ. ಸ್ವತಃ ಯಂತ್ರವನ್ನು ಬಳಸುವ ಉದ್ದಿಮೆದಾರರು ಮಾಪಕದ ಪಕ್ಕದಲ್ಲಿ ಒಂದು ಪುಸ್ತಕವಿಟ್ಟು ಬೆಳಿಗ್ಗೆ, ಮಧ್ಯಾಹ್ನ, ಸಂಜೆ ಅಂಕಿಗಳನ್ನು ಬರೆದಿಡುವುದು ಒಳ್ಳೆಯದು. ಒಂದು ವರ್ಷದ ದಾಖಲೆ ಕೈಯಲ್ಲಿದ್ದರೆ, ತಮ್ಮ ಕೋಣೆಗೆ ಯಾವ ತಿಂಗಳುಗಳಲ್ಲಿ ಈ ಯಂತ್ರ ನಿಜವಾಗಿಯೂ ಬೇಕು, ಯಾವ ತಿಂಗಳುಗಳಲ್ಲಿ ಅದನ್ನು ಒಳಗಿಡಬೇಕು ಎಂಬುದು ಅವರಿಗೇ ಸ್ಪಷ್ಟವಾಗುತ್ತದೆ.